ಹೆಸರು ನೆನೆಹಾಕಿದ್ದು

ಬರ್ಕನ್‌ಹೆಡ್ಡಿನ ನಮ್ಮ ಮನೆಯ ಕದ ತಟ್ಟಿ
ಅವಳು ಕೇಳಿದ್ದು ಇಷ್ಟೇ:
ನಿಮ್ಮ ನಲ್ಲಿಯನ್ನು ಮೂರು ನಿಮಿಷ ಬಿಡಬಹುದೇ?

ಎಡ ಹೆಗಲಿಗೆ ಕೀಲಿ ಕೊಡುವ ಹಳೇ ಕ್ಯಾಮೆರಾ,
ಬಲಗೈಯಲ್ಲಿ ಹಿಂಡಿದ ಕಾಲುಚೀಲ. ಹೊರಗೆ ಹಾಗೆ ಮಳೆ.
ನೆರಿಸ್ ಪ್ರಿಚರ್ಡ್ ಅಂದಳು. ಊರು?
ಊರಿಲ್ಲ, ವಿಳಾಸ ಮಾತ್ರ ಇದೆ:
ವೇಲ್ಸಿನ ಗುಡ್ಡಗಳ ನಡುವೆ, ಎಂಬತ್ತು ಅಡಿ ನೀರಿನ ಕೆಳಗೆ.
ಅಂಚೆಯವ ಈಜಬೇಕು.
ನಾನು ನಕ್ಕೆ. ಅವಳು ನಗಲಿಲ್ಲ.

ಕಣಿವೆ ತುಂಬಿದಾಗ ಅವಳಿಗೆ ಎರಡು ವರ್ಷ.
ಇರುವ ನೆನಪು ಒಂದೇ: ಅಜ್ಜಿ ಬಾಗಿಲನ್ನು ಕಿತ್ತು
ಬೆನ್ನಿಗೆ ಹೊತ್ತು ಗುಡ್ಡ ಹತ್ತಿದ್ದು.
ಅದು ತನ್ನದೋ, ಚಿಕ್ಕಮ್ಮ ಹೇಳಿ ಹೇಳಿ ತನ್ನದಾದದ್ದೋ
ಗೊತ್ತಿಲ್ಲ. ಗೊತ್ತಿಲ್ಲದ್ದನ್ನೇ ಚಿತ್ರ ತೆಗೆಯುತ್ತೇನೆ ಅಂದಳು.

ಬೇಸಿಗೆಯಲ್ಲಿ ನೀರಿಳಿದರೆ ಗೋಡೆಗಳು ಏಳುತ್ತವಂತೆ.
ಜನ ಕಾರು ಮಾಡಿಕೊಂಡು ಬರುತ್ತಾರೆ, ಹಿಂದೆಯೇ ಐಸ್‌ಕ್ರೀಮ್ ಗಾಡಿ.
ಅದನ್ನು ಅವಳು ತೆಗೆಯುವುದಿಲ್ಲ.
ಏನೂ ಚಿತ್ರಿಸದ ರೀಲಿಗೆ ಕಲ್ಲು ಕಟ್ಟಿ
ಜಲಾಶಯಕ್ಕೆ ಇಳಿಬಿಟ್ಟು ನಲವತ್ತು ದಿನದ ಮೇಲೆ ಎತ್ತುತ್ತಾಳೆ.
ಪಾಚಿ, ಕೆಸರು, ಯಾವುದೋ ಹುಳದ ಹಲ್ಲು
ಬೆಳ್ಳಿಯ ಪದರ ತಿಂದಷ್ಟು ತಿಂದು
ಉಳಿಸಿದ್ದೇ ಚಿತ್ರ.
ಆಮೇಲೆ ಆ ನೀರು ಹೋದಲ್ಲಿ ತಾನೂ ಹೋಗುತ್ತಾಳೆ.
ಇದು ನೂರಾ ಹದಿನೇಳನೆಯ ಅಡಿಗೆಮನೆ.

ಇದಕ್ಕೆಲ್ಲ ಕೈ ಎತ್ತಿದವರು ಯಾರು, ಅಂದೆ.
ಬಾಯಾರಿದವರು, ಅಂದಳು. ನಮ್ಮ ಕಣಿವೆಯಲ್ಲಿ ಯಾರೂ ಅಲ್ಲ.
ಕಾಗದ ಇಂಗ್ಲಿಷಿನಲ್ಲಿ ಬಂದಿತ್ತು.
ಅಜ್ಜಿಗೆ ಓದಿ ಹೇಳಿದ್ದು ಅದೇ ಅಂಚೆಯವ.
ಆಮೇಲೆ ಒಂದು ಲೋಟ ನೀರು ಕೇಳಿ
ಪೂರ್ತಿ ಕುಡಿದಳು.

ಸಿಂಕಿನಲ್ಲಿ ಪಾತ್ರೆ ಇತ್ತು. ಇದೇನು?
ಹೆಸರು, ನೆನೆಹಾಕಿದ್ದೇನೆ.
ಬಿಡಿಸಿ ಹೇಳು ಅಂದಳು.
ಹೆಸರು ಅಂದರೆ ಈ ಹಸಿರು ಕಾಳು. ಹೆಸರು ಅಂದರೆ ಹೆಸರೇ.
ನೆನೆಯುವುದು ಅಂದರೆ ತೊಯ್ಯುವುದು.
ನೆನೆಯುವುದು ಅಂದರೆ ಮರೆಯದಿರುವುದು.
ಕ್ಯಾಮೆರಾ ಕೆಳಗಿಟ್ಟಳು.
ನಮ್ಮಲ್ಲಿ ಅವು ಬೇರೆ ಬೇರೆ ಪದ, ಅಂದಳು,
ತೂಕದಲ್ಲಿ ಯಾರೋ ತನಗೆ ಮೋಸ ಮಾಡಿದ ಹಾಗೆ.

ಬಾಗಲಕೋಟೆಯ ನಮ್ಮ ಓಣಿಯಲ್ಲಿ
ಗೋಡೆ ಗೋಡೆಗೂ ಕೆಂಪು ಬಣ್ಣದಲ್ಲಿ ನಂಬರು ಬರೆದಿದ್ದರು.
ನಮ್ಮದು ಎರಡು ನೂರಾ ಆರು.
ಅವಳು ಕೇಳಲಿಲ್ಲ. ನಾನೂ ಹೇಳಲಿಲ್ಲ.
ನಲ್ಲಿ ತಿರುಗಿಸಿದೆ.

ಚಳಿಗಾಲದಲ್ಲಿ, ಮುಚ್ಚಿಹೋದ ಈಜುಕೊಳದ ಕಟ್ಟಡದಲ್ಲಿ ಪ್ರದರ್ಶನ.
ಹನ್ನೊಂದು ಜನ, ಒಂದು ಹೀಟರು.
ಪರದೆಯ ಮೇಲೆ ಕಲೆ, ಗೀರು, ಮತ್ತೆ ಕಲೆ, ಯಾರದೋ ನಲ್ಲಿ.
ಹಿಂದಿನಿಂದ ಚಿಕ್ಕಮ್ಮನ ದನಿ ಹೊಲಗಳ ಹೆಸರು ಓದುತ್ತಿತ್ತು,
ಒಂದೊಂದಕ್ಕೂ ಬೇರೆಯೇ ಉಸಿರು ತೆಗೆದುಕೊಂಡು.
ಕಥೆ ಎಲ್ಲಿದೆ ಇದರಲ್ಲಿ ಅಂತ ಒಬ್ಬ ಎದ್ದು ಹೋದ,
ಟೋಪಿ ಮರೆತು ವಾಪಸು ಬಂದ,
ಬಂದವನು ನಿಂತೇ ನೋಡಿದ.

ಕೊನೆಗೆಲ್ಲೋ ನನ್ನ ಸಿಂಕು ಬಂತು.
ಬೀಳುವ ನೀರಿಗೆ ಕಾಳು ಒಂದೊಂದೇ ಹೊರಳುತ್ತಿದ್ದವು.
ಅಷ್ಟು ಹೊತ್ತೂ ಚಿಕ್ಕಮ್ಮ ಸುಮ್ಮನಿದ್ದಳು.
ಕೆಳಗೆ ಯಾವ ಭಾಷೆಯಲ್ಲೂ ಏನೂ ಬರೆದಿರಲಿಲ್ಲ.

ನಿನ್ನೆ ಪ್ಲಂಬರ್ ಬಂದಿದ್ದ.
ನಲ್ಲಿ ತೊಟ್ಟಿಕ್ಕುತ್ತದೆ, ವಾಷರ್ ಹೋಗಿದೆ,
ಐದು ನಿಮಿಷದ ಕೆಲಸ ಅಂದ.
ಚಹಾ ಕೊಟ್ಟು ಕಳಿಸಿದೆ.