ಎಂಟರವರೆಗೆ

ನಾನು ಅವನ ಬಕೆಟ್ಟಿನ ಹುಡುಗ.
ಮುಂದೆ ಹೇಳುವುದಕ್ಕೆಲ್ಲ ಇಷ್ಟೇ ನನ್ನ ಯೋಗ್ಯತೆ.

ಭದ್ರಾವತಿ. ಕಬ್ಬಿಣದ ಕಾರ್ಖಾನೆ ಮೂರು ಪಾಳಿ ಉರಿಯುತ್ತಿದ್ದ ಕಾಲ.
ಸಂಜೆಯ ಸೈರನ್ ಕೂಗಿ ಮುಗಿಯುವುದರೊಳಗೆ
ಕ್ಲಬ್ಬಿನ ಹಿಂದಿನ ಶೆಡ್ಡಿನಲ್ಲಿ
ಆರ್ಮುಗಂ ಬನಿಯನ್ ಬಿಚ್ಚಿ ಮೊಳೆಗೆ ಹಾಕಿರುತ್ತಿದ್ದ.
ಮೂಟೆಗೆ ಸಾಮಿಲ್ಲಿನ ಹೊಟ್ಟು, ನಡುವೆ ಹೊಳೆಯ ಮರಳು,
ಸುತ್ತ ಕಟ್ಟಿದ ಹಗ್ಗ ಲಾರಿಯದು,
ಗ್ಲೌಸು ಹೊಲಿದದ್ದು ಎತ್ತಿನ ಕೊರಳಪಟ್ಟಿ ಹೊಲಿಯುವ ಕೈ.
ಅದಕ್ಕೋ ಏನೋ, ಅವನ ಎಡಗೈ ಹೊರಟಾಗ
ಎಲ್ಲೋ ಗಗ್ಗರ ಅಲುಗಿದಂತೆ ನನಗೆ ಕೇಳುತ್ತಿತ್ತು.

ಗೇಟಿನೆದುರು ಇಡ್ಲಿ ಮಾರುತ್ತಿದ್ದ ಅವನಮ್ಮ ಪಾಪಾತಿ
ಒಮ್ಮೆ ಕೇಳಿದ್ದಳು: ಹೊಡೆಯೋದಕ್ಕೂ ಸಂಬಳ ಕೊಡ್ತಾರೇನೋ?
ಹೊಡೆಸಿಕೊಳ್ಳೋದಕ್ಕೂ ಕೊಡ್ತಾರಮ್ಮ, ಅಂದಿದ್ದ.
ತಮಾಷೆಗೆ. ಆಗ.

ಮೂರು ವರ್ಷ ರಾಜ್ಯಕ್ಕೇ ಮೊದಲಿಗ.
ಕೊನೆಯ ಫೈನಲ್ಲಿನಲ್ಲಿ ಮಿಲಿಟರಿಯವನೊಬ್ಬ ಇವನ ಹುಬ್ಬು ಹರಿದ.
ನಾನು ಟವೆಲ್ಲು ಹಿಂಡಿದೆ, ಬಕೆಟ್ಟಿನ ನೀರು
ದಾಸವಾಳದ ಬಣ್ಣಕ್ಕೆ ತಿರುಗಿತು.
ಮೂರನೇ ಸುತ್ತಿನಲ್ಲಿ ಹೊಟ್ಟೆಗೊಂದು ತಿಂದು
ಮಂಡಿಯೂರಿದ. ಬೀಳಲಿಲ್ಲ, ಊರಿದ ಅಷ್ಟೇ.
ರೆಫರಿ ಬೆರಳು ಬಿಚ್ಚುತ್ತ ಎಣಿಸುತ್ತಿದ್ದರೆ
ಇವನು ಸುಮ್ಮನೆ, ಬಸ್ಸಿಗೆ ಕಾಯುವವನ ಹಾಗೆ.
ಎಂಟಕ್ಕೆ ಎದ್ದ.
ಮುಂದಿನದು ಆ ಮಿಲಿಟರಿಯವನಿಗೇ ಗೊತ್ತಿಲ್ಲ,
ನಾನೇನು ಹೇಳಲಿ.
'ಎಂಟರವರೆಗೂ ನಮ್ಮದೇ ಕಣೋ, ಪುಕ್ಕಟೆ.
ಗಡಿಬಿಡಿ ಮಾಡಬಾರದು.'

ಆಗುಂಬೆಯಲ್ಲಿ ಶೂಟಿಂಗು. ದಪ್ಪ ಕತ್ತಿನವನೊಬ್ಬ ಬೇಕಾಗಿತ್ತು.
ಹೀರೋ ಗುದ್ದಬೇಕು, ಇವನು ಬಾಳೆಗಿಡದ ಮೇಲೆ ಬೀಳಬೇಕು.
ಗುದ್ದು ಬಂದರೆ ತಲೆ ತಾನಾಗಿ ಜಾರುವುದು,
ಕಾಲು ತಾನಾಗಿ ನೆಲ ಹಿಡಿಯುವುದು.
ಏಳು ಟೇಕು. ಬಾಳೆಗಿಡ ಹಾಗೇ ನಿಂತಿತ್ತು, ಇವನೂ.
ಫೈಟ್ ಮಾಸ್ಟರು ಕೈಮುಗಿದ: ಬೀಳಪ್ಪಾ ಮಹರಾಯ,
ನಿಲ್ಲೋರು ನಮ್ಮಲ್ಲೇ ಇದ್ದಾರೆ.
ಎಂಟನೆಯದಕ್ಕೆ ಬಿದ್ದ.
ಅದೆಷ್ಟು ಚೆಂದ ಬಂತೆಂದರೆ
ಮುಂದೆ ಇಪ್ಪತ್ತೆರಡು ವರ್ಷ ಏಳಲು ಬಿಡಲಿಲ್ಲ.

ಮೆಟ್ಟಿಲಿಂದ ಬಿದ್ದ, ಓಡುವ ಜೀಪಿನಿಂದ, ತುಂಬಿದ ತೊಟ್ಟಿಗೆ,
ಗಾಜು ಒಡೆದುಕೊಂಡು, ಒಮ್ಮೆ ನಿಜವಾಗಿಯೂ ಒಣಬಾವಿಗೆ.
ತೆರೆಯ ಮೇಲೆ ಅವನ ಹೆಸರು 'ಮತ್ತು ಇತರರು'.

ನನಗೆ ಆ ಹೊತ್ತಿಗೆ ಟಾಕೀಸಿನಲ್ಲಿ ಟಾರ್ಚು ಹಿಡಿಯುವ ಕೆಲಸ.
ಅವನು ಬಿದ್ದಾಗೆಲ್ಲ ಬಾಲ್ಕನಿ ಶಿಳ್ಳೆ ಹೊಡೆಯುತ್ತಿತ್ತು, ಹೀರೋಗೆ.
ಗಾಂಧಿ ಕ್ಲಾಸಿನ ಫೌಂಡ್ರಿ ಹುಡುಗರು ಮಾತ್ರ
'ಏಳೋ ಆರ್ಮುಗಾ' ಎಂದು ಚೀರುತ್ತಿದ್ದರು.
ನಾನು ಕತ್ತಲಲ್ಲಿ ಟಾರ್ಚಿನ ಗುಂಡಿ ಒತ್ತೊತ್ತಿ ಎಣಿಸುತ್ತಿದ್ದೆ:
ಒಂದು. ಎರಡು.
ಮೂರಕ್ಕೆ ಸೀನು ಬದಲು. ಹಾಡು.
ಯಾವ ಎಡಿಟರನೂ ಅವನಿಗೆ ಎಂಟು ಕೊಡಲಿಲ್ಲ.

ಆಮೇಲೆ ಟೀವಿ.
ಕಡ್ಡಿಯಂಥ ಹಾಸ್ಯದವನೊಬ್ಬ ಹಪ್ಪಳದಲ್ಲಿ ಹೊಡೆಯುವುದು,
ಇವನು ದೊಪ್ಪನೆ ಬೀಳುವುದು,
ಜನ ಬಿದ್ದುಬಿದ್ದು ನಗುವುದು.
ಪಾಪಾತಿಯಮ್ಮ ಇನ್ನೂ ಇದ್ದಳು. ಅವಳೂ ನಕ್ಕಳು:
ಈ ಸಲ ರಕ್ತ ಬರಲಿಲ್ಲ ನೋಡು.

ಮೊನ್ನೆ ಶಿವಮೊಗ್ಗ ಬಸ್‌ಸ್ಟ್ಯಾಂಡು.
ತೀರ್ಥಹಳ್ಳಿ ಬಸ್ಸಿನ ಕಿಟಕಿಯಿಂದ ಸೀಟಿಗೆ ಟವೆಲ್ಲು ಹಾಕಿ
ಕಾಫಿ ಕುಡಿಯುತ್ತಿದ್ದೆವು, ಸಕ್ಕರೆ ಇಲ್ಲದ್ದು, ಇಬ್ಬರಿಗೂ.
ಚಿಪ್ಸಿನ ಪ್ಯಾಕೆಟ್ಟು ಹಿಡಿದ ಹುಡುಗನೊಬ್ಬ ಬಂದ.
ಹಪ್ಪಳದ ಮಾಮ ಅಲ್ವಾ? ಬೀಳಿ ಮಾಮ, ಒಂದೇ ಸಲ.
ಒಂದು ಚಿಪ್ಸು ಎತ್ತಿ ಅವನ ಮೊಣಕೈಗೆ ತಾಗಿಸಿದ.
ಲೋಟ ನನ್ನ ಕೈಗೆ ಕೊಟ್ಟು ಬಿದ್ದ,
ಎಪ್ಪತ್ತೆರಡರ ಮೈ, ಸಿಮೆಂಟು ನೆಲಕ್ಕೆ.
ಹುಡುಗ ನಕ್ಕ. ಅವನಪ್ಪ ಮೊಬೈಲು ಎತ್ತಿದ.
ನಾನು ಎಣಿಸಿದೆ. ಐದು. ಆರು.
ಹುಡುಗನ ನಗು ನಿಂತಿತು.
ಒಂಬತ್ತು.
ಮಂಡಿಯೂರಿ ಬಾಗಿದೆ. ಒಂದು ಕಣ್ಣು ತೆರೆದ.
ಎಷ್ಟಾಯ್ತೋ?
ಆರು, ಅಂದೆ.
ಇನ್ನೂ ಎರಡಿದೆ ಹಾಗಾದರೆ,
ಎಂದು ಮತ್ತೆ ಕಣ್ಣು ಮುಚ್ಚಿದ.

ತೀರ್ಥಹಳ್ಳಿ ಬಸ್ಸು ಹೊರಟಿತು,
ನಮ್ಮ ಟವೆಲ್ಲು ಹೊತ್ತುಕೊಂಡು.