ಹಾರವಾಡದ ಖಾನೇಷುಮಾರಿ

ಕಪ್ಪುಹಲಗೆಯ ಮೇಲೆ ಎರಡು ಸಾಲು ಬರೆದಿದ್ದರು
ಕಾರವಾರದ ಕಾಲೇಜಿನಲ್ಲಿ, ಅರ್ಥಶಾಸ್ತ್ರದ ರೇವಣಕರ ಸರ್.
ಅನ್ನ: ಒಂದು, ಎರಡು, ಮೂರು, ನಾಲ್ಕು.
ಬಾಯಿ: ಒಂದು, ಎರಡು, ನಾಲ್ಕು, ಎಂಟು.
ಒಂದು ಸಾಲು ಮುದುಕಿಯಂತೆ ಮೆಟ್ಟಿಲು ಹತ್ತುತ್ತಿತ್ತು,
ಇನ್ನೊಂದು ಹಲಗೆಯ ಚೌಕಟ್ಟು ದಾಟಿ ಗೋಡೆಗೆ ಹೋಗಿ
ಕಿಟಕಿಯಾಚೆ ಕಡಲಿಗೆ ಬಿತ್ತು.
ಸೀಮೆಸುಣ್ಣ ಮುರಿಯಿತು. ನಾವು ನಕ್ಕೆವು.

ಯಾವುದೋ ಕಾಲದ ಒಬ್ಬ ಪಾದ್ರಿ
ಮಳೆಯ ದೇಶದಲ್ಲಿ ಕೂತು ಹಾಕಿದ ಲೆಕ್ಕವಂತೆ ಅದು.
ಹಸಿವು, ಜಡ್ಡು, ಯುದ್ಧ: ಹೆಚ್ಚಾದದ್ದನ್ನು ಕೀಳುವ ಕಳೆಗುದ್ದಲಿ.
ಅದನ್ನೋದಿದ ಇನ್ನೊಬ್ಬ, ಗಡ್ಡದವನು,
ಹುಳ ಹಕ್ಕಿಗಳನ್ನು ನೋಡಿ ತಲೆಯಾಡಿಸಿದನಂತೆ, ಹೌದು,
ಹುಟ್ಟುವವರೆಲ್ಲ ಉಳಿಯುವುದಿಲ್ಲ.
ನನಗದು ಆಗಲೇ ಗೊತ್ತಿತ್ತು. ಆಯಿ ಬಂಗುಡೆ ಸೀಳುವಾಗ
ಒಂದೊಂದು ಹೊಟ್ಟೆಯಲ್ಲೂ ಊರಿಗಾಗುವಷ್ಟು ಮೊಟ್ಟೆ;
ಆದರೂ ಕಡಲು ಮೀನಿನಿಂದ ಗಟ್ಟಿಯಾಗಿರಲಿಲ್ಲ.

ಪಾದ್ರಿಯ ಸಾಲು ನೀರು ದಾಟಿ, ದಿಲ್ಲಿ ದಾಟಿ,
ಎಪ್ಪತ್ತಾರರಲ್ಲಿ ನನ್ನ ಶಾಲೆಗೆ ಮೆಮೋ ಆಗಿ ಬಂತು.
ಮಾಸ್ತರರೊಬ್ಬರಿಗೆ ಎರಡು ಕೇಸು, ಇಲ್ಲವಾದರೆ ಸಂಬಳವಿಲ್ಲ.
ಕೆಂಪು ತ್ರಿಕೋನದ ಕೆಳಗೆ ಸಹಿ, ಸಹಿಯ ಕೆಳಗೆ ಮೊಹರು.
ಇಬ್ಬರನ್ನು ಕರೆದೊಯ್ದೆ ಅಂಕೋಲೆಯ ಶಿಬಿರಕ್ಕೆ.
ಒಬ್ಬನಿಗೆ ಐವರು ಮಕ್ಕಳು;
ಅವನ ಹೆಂಡತಿ ಆಮೇಲೆ ನನಗೆ ಕೈಮುಗಿದಳು,
ಅದನ್ನೂ ಹೇಳಬೇಕು.
ಇನ್ನೊಬ್ಬ ಸೋಮಿ ಹರಿಕಂತ್ರಳ ಮಗ ಗಣಪು.
ಫಾರ್ಮಿನಲ್ಲಿ ವಯಸ್ಸು ಮೂವತ್ತು, ಮಕ್ಕಳು ಇಬ್ಬರು.
ಎರಡನ್ನೂ ಬರೆದವನು ನಾನು.
ಅವನಿಗೆ ಮದುವೆಯೇ ಆಗಿರಲಿಲ್ಲ.
ಒಂದು ಸ್ಟೀಲ್ ಬಕೆಟ್ಟು ಕೊಟ್ಟರು. ಬಸ್ಸಿನಲ್ಲಿ ಅದನ್ನು
ಮಡಿಲಲ್ಲಿಟ್ಟುಕೊಂಡು ಬಂದ, ದಾರಿಯುದ್ದಕ್ಕೂ ಬೆರಳಿನಿಂದ ಬಡಿಯುತ್ತ.

ಎಂಬತ್ತೊಂದರ ಫೆಬ್ರವರಿ. ಖಾನೇಷುಮಾರಿಗೂ ನಾನೇ.
ಬಾಗಿಲ ಮೇಲಿನ ನಂಬರು ಓದುತ್ತ ಅದೇ ಅಂಗಳಕ್ಕೆ ಬಂದೆ.
ಬಕೆಟ್ಟು ಬಾವಿಕಟ್ಟೆಯ ಮೇಲಿತ್ತು.
ಸೋಮಿ ಹೇಳಿದಳು: ಹುಟ್ಟಿದವು ಏಳು. ಉಳಿದವು ಮೂರು.
ಸೊಸೆಗೆ?
ಅವಳು ಕಡಲು ನೋಡಿದಳು.
ಸೊನ್ನೆ ಬರೆಯಲು ಪೆನ್ನಿಗೆ ಹೆಚ್ಚು ಹೊತ್ತು ಬೇಕಾಗಿಲ್ಲ.

"ಬಾಯಿ ಎಲ್ಲಾ ಬರ್ಕಂಡ್ರಿ ಮಾಸ್ತರ್ರೆ,
ಕೈ ಯಾವಾಗ ಬರ್ಕಂತ್ರಿ?"

ಅದು ರಂಪಣಿಯ ಮಾತು.
ಆನೆಯಂಥ ಬಲೆ; ಎಳೆಯಲು ಎಂಬತ್ತು ಜನ ಸಾಲದು.
ಹಗ್ಗ ಮುಟ್ಟಿದವರಿಗೆಲ್ಲ ಪಾಲು,
ಗಂಡ ಸತ್ತವಳಿಗೆ, ಕುಂಟನಿಗೆ, ಚಡ್ಡಿ ಜಾರುವ ಹುಡುಗನಿಗೂ
ಒಂದು ಬೊಗಸೆ. ಕೂಸು ಹುಟ್ಟಿದರೆ
ಹಗ್ಗಕ್ಕೊಂದು ಜೊತೆ ಕೈ ಬಂತು ಅನ್ನುತ್ತಿದ್ದರು.
ಈಗ ಪರ್ಸೀನ್ ಬೋಟು. ಇಪ್ಪತ್ತು ಜನ, ಒಂದು ಇಂಜಿನ್ನು.
ದಡ ಮುಟ್ಟುವ ಮೊದಲೇ ಮೀನು ಮುಗಿಯುತ್ತದೆ.
ಉಳಿದ ಅರವತ್ತು ಜನ ರಾತ್ರಿ ಬೆಳಗಾಗುವುದರೊಳಗೆ
ಹೆಚ್ಚಾದರು.
ಹುಟ್ಟಿ ಅಲ್ಲ.

ರೇವಣಕರ ಸರ್ ಇಲ್ಲ ಈಗ. ಇದ್ದಿದ್ದರೆ ಕೇಳುತ್ತಿದ್ದೆ,
ಈ ಅರವತ್ತನ್ನು ಯಾವ ಸಾಲಿನಲ್ಲಿ ಬರೆಯಲಿ?

ಇಪ್ಪತ್ತೆಂಟರ ರಾತ್ರಿ ಮನೆಯಿಲ್ಲದವರ ಎಣಿಕೆ.
ಲಾಟೀನು ಹಿಡಿದು ಹೊಯಿಗೆಯ ಮೇಲೆ ನಡೆದೆ.
ಕವುಚಿ ಹಾಕಿದ ರಂಪಣಿ ದೋಣಿಯ ಕೆಳಗೆ ನಾಲ್ವರು ಮಲಗಿದ್ದರು.
ಐದನೆಯದು ನಾಯಿ.

ನಿಯಮವಿಷ್ಟು: ಮಾರ್ಚ್ ಒಂದರ ಸೂರ್ಯೋದಯಕ್ಕೆ
ಉಸಿರಿದ್ದವರು ಲೆಕ್ಕಕ್ಕೆ. ಆಮೇಲೆ ಬಂದವರು
ಹತ್ತು ವರ್ಷ ಕಾಯಬೇಕು.
ಪಂಚಾಂಗದ ಸೂರ್ಯ ಏಳು ಗಂಟೆಗೆ ಮೊದಲೇ ಬರುತ್ತಾನೆ,
ನಮ್ಮವನು ಹಿಂದಿನ ಗುಡ್ಡ ಹತ್ತಿ ಬರಬೇಕು, ತಡ.
ಆ ನಡುವಿನ ಹೊತ್ತಿನಲ್ಲಿ, ನೀರು ಇನ್ನೂ ಬೂದಿಬಣ್ಣಕ್ಕಿದ್ದಾಗ,
ಸೋಮಿಯ ಪಕ್ಕದ ಮನೆಯಲ್ಲಿ ಕೂಸು ಅತ್ತಿತು.
"ಹೊತ್ತು ಹುಟ್ಟಿತ್ತೇ?" ಕೇಳಿದೆ.
ಸೂಲಗಿತ್ತಿ ಸ್ಟೀಲ್ ಬಕೆಟ್ಟಿನಲ್ಲಿ ಕೈ ತೊಳೆಯುತ್ತ
ಗದ್ದದಿಂದಲೇ ಗುಡ್ಡ ತೋರಿಸಿದಳು:
"ಕಾಂಬುದಿಲ್ವಾ? ಇನ್ನೂ ಬರ್ಲಿಲ್ಲ."

ಗಡಿಯಾರ ಬಿಚ್ಚಿ ಜೇಬಿಗೆ ಹಾಕಿದೆ.
ಬರೆದೆ: ಹೆಣ್ಣು. ಹೆಸರಿಟ್ಟಿಲ್ಲ.
ವಯಸ್ಸು, ಸೊನ್ನೆ.