ಎಪ್ಪತ್ತೆರಡು ಕಿಲೋ

ಆಲೂಗಡ್ಡೆ, ಹಿಟ್ಟು, ಗ್ಯಾಸ್ ಸಿಲಿಂಡರು, ಈರುಳ್ಳಿ,
ತುದಿಗೆ ನೂರೆಂಬತ್ತು ಮೊಟ್ಟೆ.
ಮರದ ಚೌಕಟ್ಟೂ ಸೇರಿ ತಕ್ಕಡಿ ಹೇಳಿತು: ಎಪ್ಪತ್ತೆರಡು.
ಸೊಂಟದೆತ್ತರದ ಕಟ್ಟೆಗೆ ಬೆನ್ನು ಕೊಟ್ಟು ಎದ್ದೆ.
ಎದ್ದೆ ಎಂದರೆ, ತಾತ್ರಾ ಬೆಟ್ಟ
ನನ್ನನ್ನು ಒಂದು ಗೇಣು ಸಡಿಲ ಬಿಟ್ಟಿತು, ಅಷ್ಟೆ.

ಹೊರುವುದನ್ನು ಕಲಿಸಿದ ವೆಂಡೆಲೀನ್
ಮೊದಲ ದಿನ ಹೇಳಿದ್ದು ಇಷ್ಟೇ:
"ಉಚ್ಚೆ ಹೊಯ್ದು ಬಾ. ಆಮೇಲೆ ಆಗುವುದಿಲ್ಲ."

ಮೊದಲ ತಾಸೆಲ್ಲ ಮೈಯದೇ ಮಾತು.
ಪಟ್ಟಿ ಹೆಗಲು ಕೊಯ್ಯುತ್ತದೆ, ಬೆರಳು ಜೋಮು ಹಿಡಿಯುತ್ತವೆ,
ಬೆವರು ಹುಬ್ಬು ದಾಟಿ ಕಣ್ಣಿಗಿಳಿದರೆ
ಒರೆಸಲು ಕೈ ಬಿಡುವಿಲ್ಲ.
ಇಳಿದು ಬರುವ ಪ್ರವಾಸಿಗರು ಬಂಡೆಗಂಟಿ ದಾರಿ ಬಿಡುತ್ತಾರೆ,
ಅಹೋಯ್ ಎನ್ನುತ್ತಾರೆ.
ಅವರ ಬೂಟುಗಳಿಗೆ ನಾನು ತಲೆಯಾಡಿಸುತ್ತೇನೆ.
ಈ ದಾರಿಯಲ್ಲಿ ಮುಖ ನೋಡಿ ಎಷ್ಟು ವರ್ಷವಾಯಿತೋ.

ಕೆರೆ ದಾಟಿದ ಮೇಲೆ ಮನಸ್ಸು ಬಾಯಿ ತೆಗೆಯುತ್ತದೆ,
ಸಂತೆಯ ದಲ್ಲಾಳಿ:
ಎರಡು ಈರುಳ್ಳಿ ಕಲ್ಲಿನ ಸಂದಿಗೆ ತಳ್ಳು, ಯಾರು ಎಣಿಸುತ್ತಾರೆ?
ಇಳಿಸು. ಒಂದೇ ನಿಮಿಷ ಇಳಿಸು.
ಇಲ್ಲಿ ಇಳಿಸಿದರೆ ಒಬ್ಬನೇ ಎತ್ತಲಾರೆ
ಎಂಬುದು ಅದಕ್ಕೂ ಗೊತ್ತು.
ಗೊತ್ತಿದ್ದೇ ಕೇಳುತ್ತದೆ.

ಸರಪಳಿ ಬಿಗಿದ ಕಡಿದಾದ ಜಾಗದಲ್ಲಿ ಗಾಳಿ ಎದ್ದಿತು.
ಮೊಟ್ಟೆಯ ಪೆಟ್ಟಿಗೆ ಹಾಯಿಯಾಗಿ ನನ್ನನ್ನು ಆಚೆ ಎಳೆಯಿತು.
ಕೈಯಲ್ಲಿ ಹಿಮ ಕಚ್ಚಿದ ಕಬ್ಬಿಣ;
ಎಡಗಾಲು ನಡುಗತೊಡಗಿತು,
ಯಾರದೋ ಕಾಲನ್ನು ಸಾಲ ತಂದ ಹಾಗೆ.
ಶಾಲೆಯಲ್ಲಿ ಎಂದೂ ಬಾರದ ಮಗ್ಗಿ ಹಿಡಿದೆ:
ಹದಿಮೂರೈದ್ಲಿ ಅರವತ್ತೈದು,
ಹದಿಮೂರಾರ್ಲಿ...
ಹದಿಮೂರಾರ್ಲಿ...
ಎಪ್ಪತ್ತೆಂಟು ಹೊಳೆಯುವ ಹೊತ್ತಿಗೆ
ಸರಪಳಿ ಮುಗಿದಿತ್ತು.

ಮೇಲಿನ ಛತ್ರದಲ್ಲಿ ಝೆಲ್ಮೀರಾ
ನನ್ನನ್ನಲ್ಲ, ಮೊಟ್ಟೆಗಳನ್ನು ನೋಡಿದಳು.
"ಮೂರು ಒಡೆದಿವೆ," ಎಂದಳು. ಆಮೇಲೆ ಸೂಪು ಬಡಿಸಿದಳು.
ಚಮಚ ಬಟ್ಟಲಿಗೆ ಕಟಕಟ ಬಡಿಯುತ್ತಿತ್ತು;
ನಾನು ಕೈಯನ್ನು ತೊಡೆಯ ಕೆಳಗಿಟ್ಟು ಕೂತೆ.

ಕಷ್ಟ ಇದಲ್ಲ.
ಖಾಲಿ ಚೌಕಟ್ಟು ಹೊತ್ತು ಇಳಿಯುವಾಗ
ಬೆನ್ನು ಇನ್ನೂ ಬಾಗಿಯೇ ಇರುತ್ತದೆ,
ಇಲ್ಲದ ಭಾರಕ್ಕೆ ಎದುರು ಒತ್ತುತ್ತ.
ಸರಪಳಿಯಲ್ಲಿ ಬೀಳದವನು
ಕೆರೆಯಂಚಿನ ಸಮತಟ್ಟು ದಾರಿಯಲ್ಲಿ,
ಮಕ್ಕಳು ಓಡಾಡುವಲ್ಲಿ,
ಮುಗ್ಗರಿಸಿ ಬಿದ್ದೆ.

ಹಸಿರು ಟೋಪಿಯ ಹುಡುಗಿಯೊಬ್ಬಳು ಕೈ ಚಾಚಿದಳು.
ಹಿಡಿಯುವ ಮೊದಲು ತಲೆಯೆತ್ತಿದೆ:
ಬಿಸಿಲಿಗೆ ಸಿಪ್ಪೆಯೆದ್ದ ಮೂಗು,
ತುಟಿಯ ಅಂಚಿನಲ್ಲಿ ಚಾಕಲೇಟು.